ಟಿ.ಎನ್. ಬಾಲಕೃಷ್ಣ

ಕನ್ನಡ ಚಲನಚಿತ್ರರಂಗದ ಹಿರಿಯ ಪೋಷಕ ನಟರಲ್ಲಿ ಒಬ್ಬರಾದ ಶ್ರೀ ಟಿ.ಎನ್. ಬಾಲಕೃಷ್ಣ ಅವರು ಇಪ್ಪತ್ತನೆಯ ಶತಮಾನದ ಎರಡನೆಯ ದಶಕದಲ್ಲಿ ಹಾಸನ ಜಿಲ್ಲೆಯ ಅರಸೀಕೆರೆಯಲ್ಲಿ ಬಡ ಕುಟುಂಬವೊಂದರಲ್ಲಿ ಜನಿಸಿದರು. ನಾಡಿನ ಜನತೆ ಇವರನ್ನು ಬಾಲಣ್ಣ ಎಂದೇ ಗುರುತಿಸುತ್ತದೆ.

ಶ್ರೀಯುತರಿಗೆ ಶ್ರವಣದೋಷವಿತ್ತು. ವೃತ್ತಿ ನಾಟಕ ಕಂಪನಿಗಳಲ್ಲಿ ಮಾತು ಮರೆತ ನಟನಿಗೆ ಪರದೆಯ ಮರೆಯಿಂದ ಹೇಳಿಕೊಡುವವರು ಇರುತ್ತಿದ್ದರು. ಆ ಆಸರೆ ಇವರಿಗೆ ಒದಗುವಂತಿರಲಿಲ್ಲ. ಎದುರು ಪಾತ್ರಧಾರಿಯ ತುಟಿಚಲನೆಯನ್ನು ಗಮನಿಸಿ, ತಕ್ಕ ಕ್ಷಣಕ್ಕೆ ತಮ್ಮ ಮಾತನ್ನು ನುಡಿಯುತ್ತಿದ್ದರು. ಚಿತ್ರಗಳನ್ನು ನೋಡಿದ ಪ್ರೇಕ್ಷಕರಲ್ಲಿ ಅನೇಕರಿಗೆ ಈ ಸಂಗತಿ ತಿಳಿದೇ ಇರಲಿಲ್ಲ ಎಂಬುದು ಇವರ ಕಲೆಗೆ ಸಂದ ಮನ್ನಣೆಯೇ ಸರಿ.

1943ರಲ್ಲಿ ತೆರೆಕಂಡ ರಾಧಾರಮಣ ಚಿತ್ರದ ಮೂಲಕ ಚಿತ್ರರಂಗವನ್ನು ಪ್ರವೇಶಿಸಿದ ಇವರು ಪೌರಾಣಿಕ, ಐತಿಹಾಸಿಕ ಹಾಗೂ ಸಾಮಾಜಿಕ ಕಥಾವಸ್ತುಗಳ ಐದುನೂರಕ್ಕೂ ಅಧಿಕ ಚಿತ್ರಗಳಲ್ಲಿ ಅಭಿನಯಿಸಿದರು. ಹಾಸ್ಯ ಮತ್ತು ಖಳಪಾತ್ರಗಳೆರಡರಲ್ಲೂ ಇವರದು ಪಳಗಿದ ಕೈ. ಬಂಗಾರದ ಮನುಷ್ಯ (1972) ಚಿತ್ರದ ಸಹೃದಯಿ ರಾಚೂಟಪ್ಪನನ್ನು ಮೆಚ್ಚಿದ ಜನರೇ ಮರುವರ್ಷ ಗಂಧದ ಗುಡಿಯಲ್ಲಿ ಇವರನ್ನು ಕಾಡಿನ ಸಂಪತ್ತು ದೋಚುವ ದುಷ್ಟನಾಗಿ ಕಂಡರು.

ಕನ್ನಡ ಚಿತ್ರಗಳ ನಿರ್ಮಾಣ ಕುಂಠಿತಗೊಂಡಿದ್ದ ಅವಧಿಯಲ್ಲಿ ಡಾ. ರಾಜ್‌ಕುಮಾರ್, ನರಸಿಂಹರಾಜು ಹಾಗೂ ಜಿ.ವಿ. ಅಯ್ಯರ್ ಅವರೊಂದಿಗೆ ಸೇರಿ ಕಲಾವಿದರ ಸಂಘವನ್ನು ಕಟ್ಟಿ, ಊರೂರುಗಳಲ್ಲಿ ನಾಟಕ ಪ್ರದರ್ಶಿಸಿದರು. ಇದೇ ಸಂಘವು 1960ರಲ್ಲಿ ರಣಧೀರ ಕಂಠೀರವ ಚಿತ್ರವನ್ನು ನಿರ್ಮಿಸಿತು.

ಮೈಸೂರಿನಲ್ಲಿ ಪ್ರೀಮಿಯರ್ ಸ್ಟುಡಿಯೋ ಇದ್ದಾಗ್ಯೂ, ಆ ಕಾಲದಲ್ಲಿ ಕನ್ನಡ ಚಿತ್ರಗಳ ಬಹುಪಾಲು ಕೆಲಸ ಮದರಾಸಿನಲ್ಲೇ ನಡೆಯುತ್ತಿತ್ತು. ಈ ಅವಲಂಬನೆಯನ್ನು ತಪ್ಪಿಸಬೇಕೆಂಬ ಹಂಬಲದಿಂದ ಶ್ರೀಯುತರು ಬೆಂಗಳೂರಿನಲ್ಲಿ ಸ್ಟುಡಿಯೋ ಸ್ಥಾಪಿಸಲು ಮುಂದಾದರು. 1960ರ ದಶಕದ ಅಂತ್ಯದ ವೇಳೆಗೆ ರಾಜ್ಯ ಸರ್ಕಾರವು ಕೆಂಗೇರಿ ಸಮೀಪದ ಮೈಲಸಂದ್ರದಲ್ಲಿ 20 ಎಕರೆ ಜಮೀನು ಒದಗಿಸಿತು. ಜಮೀನು ದೊರೆತರೂ ಕಟ್ಟಡ, ಯಂತ್ರೋಪಕರಣಗಳಿಗೆ ಬೇಕಾದ ಬಂಡವಾಳ ಸಣ್ಣದಲ್ಲ; ಪೋಷಕ ನಟನೊಬ್ಬನ ಸಂಭಾವನೆ ಅದಕ್ಕೆ ಸಾಲುವಂತಹುದೂ ಅಲ್ಲ. ಆದರೂ ಅಭಿಮಾನ್ ಸ್ಟುಡಿಯೋ ತಲೆಯೆತ್ತಿತು. ಇದರ ನಿರ್ವಹಣೆಗಾಗಿ ಎದುರಾದ ಆರ್ಥಿಕ ತೊಂದರೆಗಳು ಮಾತ್ರ ಇವರ ಬೆನ್ನು ಬಿಡಲಿಲ್ಲ. ಮುಪ್ಪಿನಲ್ಲಿಯೂ ಶ್ರೀಯುತರು ಬಣ್ಣ ಹಚ್ಚುವುದನ್ನು ನಿಲ್ಲಿಸಲಿಲ್ಲ.

ಶ್ರೀ ಬಾಲಕೃಷ್ಣ ಅವರು 1995ರ ಜುಲೈ 19ರಂದು ನಿಧನರಾದರು. ನಟ ಡಾ. ವಿಷ್ಣುವರ್ಧನ್ ಅವರ ಅಂತ್ಯಕ್ರಿಯೆಯು 2009ರ ಡಿಸೆಂಬರ್ 30ರಂದು ಇದೇ ಅಭಿಮಾನ್ ಸ್ಟುಡಿಯೋ ಆವರಣದಲ್ಲಿ ನೆರವೇರಿತು.