ತುಪ್ಪದ ಹೆಸರು, ತುಪ್ಪವೇ ಇಲ್ಲದ ಪಾನೀಯ: ಜಪಾನಿಗೆ ‘ಕ್ಯಾಲ್ಪಿಸ್’ ಕುಡಿಸಿದ ಬೌದ್ಧ ಅರ್ಚಕರ ಮಗನ ಕಥೆ

ಜಪಾನಿನ ಸೂಪರ್ ಮಾರ್ಕೆಟ್‌ಗಳ ತಂಪು ಪಾನೀಯದ ಸಾಲಿನಲ್ಲಿ ಬಿಳಿ ಹಿನ್ನೆಲೆಯ ಮೇಲೆ ನೀಲಿ ಚುಕ್ಕಿಗಳಿರುವ ಬಾಟಲಿಯೊಂದು ಕಣ್ಣಿಗೆ ಬೀಳುತ್ತದೆ. ಒಳಗಿರುವುದು ಹಾಲಿನ ಬಣ್ಣದ, ಸಿಹಿ-ಹುಳಿ ಬೆರೆತ ಪಾನೀಯ. ನೀರು ಬೆರೆಸಿದ ಸಿಹಿ ಮಜ್ಜಿಗೆ ಅಂದುಕೊಂಡರೆ ರುಚಿ ಸುಮಾರಾಗಿ ಅಂದಾಜಿಗೆ ಸಿಗುತ್ತದೆ. ಹೆಸರು ಕ್ಯಾಲ್ಪಿಸ್. ಆ ಹೆಸರಿನ ಅರ್ಧ ಭಾಗ ಸಂಸ್ಕೃತದ್ದು ಎಂದರೆ ನಂಬುವುದು ಕಷ್ಟ. ಆಯುರ್ವೇದ ಗ್ರಂಥಗಳಲ್ಲಿ ತುಪ್ಪಕ್ಕೆ ಬಳಸುವ ‘ಸರ್ಪಿಸ್’ ಎಂಬ ಪದವೇ ಟೋಕಿಯೊದ ಬಾಟಲಿಯ ಮೇಲೆ ನೂರು ವರ್ಷಗಳಿಂದ ಕುಳಿತಿದೆ.

ಅದನ್ನು ಅಲ್ಲಿ ತಂದು ಕೂರಿಸಿದವರು ಕೈಯುನ್ ಮಿಶಿಮಾ. ಜಪಾನಿನ ಪಾನೀಯ ಮಾರುಕಟ್ಟೆಯಲ್ಲಿ ಇಂದು ಕೋಟಿಗಟ್ಟಲೆ ಬಾಟಲಿ ಮಾರಾಟವಾಗುವ ‘ಹೊಟ್ಟೆಗೆ ಒಳ್ಳೆಯದು’ ಎಂಬ ಇಡೀ ವರ್ಗಕ್ಕೆ ದಾರಿ ಹಾಕಿಕೊಟ್ಟವರಲ್ಲಿ ಮೊದಲ ಸಾಲಿನವರು. ಆದರೆ 37ನೇ ವಯಸ್ಸಿನವರೆಗೂ ಅವರು ಕೈಹಾಕಿದ ವ್ಯವಹಾರಗಳೆಲ್ಲ ಒಂದಲ್ಲ ಒಂದು ಕಾರಣಕ್ಕೆ ನೆಲಕಚ್ಚಿದ್ದವು.

ಬಡ ದೇವಾಲಯದ ಹುಡುಗ

ಮಿಶಿಮಾ ಹುಟ್ಟಿದ್ದು 1878ರ ಜುಲೈ 2ರಂದು, ಒಸಾಕಾ ಸಮೀಪ ಈಗಿನ ಮಿನೋ ನಗರದ ವ್ಯಾಪ್ತಿಯಲ್ಲಿರುವ ಹಳ್ಳಿಯ ಒಂದು ಬೌದ್ಧ ದೇವಾಲಯದಲ್ಲಿ. ತಂದೆ ಅಲ್ಲಿನ ಅರ್ಚಕರು. ಅವರ ಜೋದೊ ಶಿನ್ಶು ಪಂಥದಲ್ಲಿ ಅರ್ಚಕರು ಸಂಸಾರಸ್ಥರಾಗಿರುತ್ತಾರೆ, ದೇವಾಲಯ ತಂದೆಯಿಂದ ಮಗನಿಗೆ ಬರುತ್ತದೆ. ಕೈಯುನ್ ಎಂಬ ಹೆಸರಿಗೆ ಕಡಲ ಮೋಡ ಎಂದರ್ಥ. ಮನೆಯಲ್ಲಿ ಬಡತನ, ಹುಡುಗನ ಆರೋಗ್ಯವೂ ಅಷ್ಟಕ್ಕಷ್ಟೆ. ಕ್ಯೋಟೊದ ನಿಶಿ ಹೊಂಗಾನ್‌ಜಿ ಮಠದ ವಿದ್ಯಾಲಯದಲ್ಲಿ ಓದಿ, ಕೆಲಕಾಲ ಇಂಗ್ಲಿಷ್ ಮೇಷ್ಟ್ರಾಗಿ ಪಾಠ ಹೇಳಿದರು. ಅಲ್ಲಿಗೇ ನಿಂತಿದ್ದರೆ ತಂದೆಯ ದೇವಾಲಯಕ್ಕೆ ಮರಳಿ ಗಂಟೆ ಬಾರಿಸಿಕೊಂಡು ಇದ್ದುಬಿಡುತ್ತಿದ್ದರೇನೋ.

1902ರಲ್ಲಿ ಅವರು ಚೀನಾಕ್ಕೆ ಹೊರಟರು. ಆಗ ಮಹತ್ವಾಕಾಂಕ್ಷೆಯ ಜಪಾನಿ ಯುವಕರಿಗೆ ಚೀನಾ ಎಂದರೆ ಒಂದು ಕಾಲದ ನಮ್ಮವರಿಗೆ ಬೊಂಬಾಯಿ ಇದ್ದ ಹಾಗೆ, ಹೋದರೆ ಏನಾದರೂ ಆಗಬಹುದು ಎಂಬ ಊರು. ಬೀಜಿಂಗ್‌ನಲ್ಲಿ ಪಾಲುದಾರರ ಜತೆ ವ್ಯಾಪಾರ ಶುರುವಾಯಿತು. ರಷ್ಯಾ-ಜಪಾನ್ ಯುದ್ಧ ಬಂದಾಗ ಸೇನೆಗೆ ಕುದುರೆಗಳು ಬೇಕಾದವು. ಅವುಗಳನ್ನು ಹುಡುಕಿಕೊಂಡು ಮಿಶಿಮಾ ಮಂಗೋಲಿಯಾದ ಹುಲ್ಲುಗಾವಲುಗಳಿಗೆ ಹೋದರು. ಅಹಿಂಸೆ ಬೋಧಿಸುವ ಮನೆಯಿಂದ ಬಂದವರು ಯುದ್ಧದ ಕುದುರೆ ವ್ಯಾಪಾರಕ್ಕಿಳಿದದ್ದು ಅವರ ಬದುಕಿನ ಇರಿಸುಮುರಿಸಿನ ಅಧ್ಯಾಯ. ಅವರ ಗುಣಗಾನ ಮಾಡುವ ಬರಹಗಳು ಇದನ್ನು ಒಂದೇ ಸಾಲಿನಲ್ಲಿ ದಾಟಿಬಿಡುತ್ತವೆ.

ಒಳ ಮಂಗೋಲಿಯಾದಲ್ಲಿ ಅವರ ಜೀರ್ಣಶಕ್ತಿ ಹದಗೆಟ್ಟು, ದೇಹ ಸೋತಿತ್ತು. ಆತಿಥ್ಯ ನೀಡಿದ ಅಲೆಮಾರಿಗಳು ತಾವು ದಿನವೂ ಸೇವಿಸುವ ಹುಳಿ ಹಾಲನ್ನೇ ಅತಿಥಿಗೂ ಕೊಟ್ಟರು. ಮಡಕೆಯಲ್ಲಿ ಹುದುಗಲು ಬಿಟ್ಟ ಹಾಲು, ಮೇಲೆ ಕಟ್ಟಿದ ದಪ್ಪ ಕೆನೆ. ದಿನಗಳೆದಂತೆ ಹಸಿವು ಮರಳಿತು, ನಿದ್ದೆ ಹತ್ತಿತು, ಮೈಯಲ್ಲಿ ಕಸುವು ಬಂತು. ಮಜ್ಜಿಗೆ-ಮೊಸರಿನ ಮಧ್ಯೆಯೇ ಬೆಳೆದ ನಮಗೆ ಇದರಲ್ಲಿ ಅಚ್ಚರಿಯೇನೂ ಕಾಣದು. ಆದರೆ ಆಗಿನ ಜಪಾನಿನಲ್ಲಿ ಸಾಮಾನ್ಯ ಜನ ಹಾಲನ್ನೇ ಅಪರೂಪಕ್ಕೆ ಕುಡಿಯುತ್ತಿದ್ದರು. ಹುಳಿ ಬಂದ ಹಾಲು ಎಂದರೆ ಕೆಟ್ಟ ಹಾಲು, ಅಷ್ಟೇ.

ಹುಳಿ ಹಾಲಿನಲ್ಲೇ ತಮ್ಮ ಭವಿಷ್ಯವಿದೆ ಎಂದು ಮಿಶಿಮಾ ಅವರಿಗೆ ತಕ್ಷಣ ಹೊಳೆಯಲಿಲ್ಲ. ಮುಂದೆ ಅವರು ಕೈಹಾಕಿದ್ದು ಕುರಿ ಸಾಕಣೆಗೆ. ಅಷ್ಟರಲ್ಲಿ ಚೀನಾದಲ್ಲಿ ಕ್ರಾಂತಿಯಾಗಿ ಚಿಂಗ್ ರಾಜವಂಶ ಉರುಳಿತು, ಅದರೊಂದಿಗೆ ಅವರ ವ್ಯವಹಾರವೂ ಮುಳುಗಿತು. 1915ರಲ್ಲಿ ಊರಿಗೆ ಮರಳಿದಾಗ ಬಳಿ ಇದ್ದದ್ದು ಹುಲ್ಲುಗಾವಲಿನ ನೆನಪು ಮಾತ್ರ.

ಸೋಲಿನ ಸರಣಿ, ಮರೆತುಬಿಟ್ಟ ಸಕ್ಕರೆ

ಕಾಲ ಅವರ ಪರವಾಗಿತ್ತು. ಮೊಸರಿನಲ್ಲಿರುವ ಸೂಕ್ಷ್ಮಜೀವಿಗಳು ಆಯುಷ್ಯ ಹೆಚ್ಚಿಸುತ್ತವೆ ಎಂದು ವಾದಿಸಿದ್ದ ವಿಜ್ಞಾನಿ ಇಲ್ಯಾ ಮೆಚ್ನಿಕಾಫ್ ಅವರಿಗೆ 1908ರಲ್ಲಿ, ರೋಗನಿರೋಧಕ ಶಕ್ತಿಯ ಕುರಿತ ಬೇರೆ ಸಂಶೋಧನೆಗಾಗಿ, ನೊಬೆಲ್ ಬಂದಿತ್ತು. ಮೊಸರಿನ ಸುದ್ದಿ ಜಪಾನಿಗೂ ತಲುಪಿತ್ತು. ಪರಿಚಯದವರಿಂದ ಹಣ ಹೊಂದಿಸಿ 1916ರಲ್ಲಿ ಮಿಶಿಮಾ ಹುದುಗಿಸಿದ ಕೆನೆಯೊಂದನ್ನು ಮಾರುಕಟ್ಟೆಗೆ ತಂದರು. ಇಟ್ಟ ಹೆಸರು ‘ದೈಗೊಮಿ’.

ಹೆಸರಿನ ಹಿಂದಿರುವುದು ಮಠದಲ್ಲಿ ಕಲಿತ ಪಾಠ. ಬೌದ್ಧರ ಮಹಾಪರಿನಿರ್ವಾಣ ಸೂತ್ರದಲ್ಲಿ ಹಾಲಿನಿಂದ ಮೊಸರು, ಮೊಸರಿನಿಂದ ಬೆಣ್ಣೆ, ಬೆಣ್ಣೆಯಿಂದ ತುಪ್ಪ, ತುಪ್ಪದಿಂದ ಅದರ ಸಾರ ಎಂಬ ಐದು ಹಂತಗಳ ಹೋಲಿಕೆಯಿದೆ. ಬುದ್ಧನ ಬೋಧನೆ ಹೇಗೆ ಹಂತಹಂತವಾಗಿ ಪರಿಶುದ್ಧವಾಗುತ್ತದೆ ಎನ್ನುವುದಕ್ಕೆ ಕೊಟ್ಟ ಉಪಮೆ ಅದು. ಕೊನೆಯ ಹಂತ ಸಂಸ್ಕೃತದಲ್ಲಿ ಸರ್ಪಿರ್ಮಂಡ, ಜಪಾನಿ ಭಾಷೆಯಲ್ಲಿ ದೈಗೊ. ಭಾರತದ ಅಡುಗೆಮನೆಯ ಹೋಲಿಕೆ ಚೀನಾ ದಾಟಿ ಜಪಾನಿಗೆ ಹೋಗಿ ಅಲ್ಲಿನ ಆಡುಮಾತಾಗಿಯೂ ಉಳಿದಿದೆ: ಯಾವುದೇ ಸಂಗತಿಯ ನಿಜವಾದ ಸವಿಯನ್ನು ಜಪಾನಿಗರು ಈಗಲೂ ದೈಗೊಮಿ ಎನ್ನುತ್ತಾರೆ.

ಜನ ದೈಗೊಮಿಯನ್ನು ಇಷ್ಟಪಟ್ಟರು. ತೊಂದರೆಯಾದದ್ದೇ ಅಲ್ಲಿ. ಸ್ವಲ್ಪ ಕೆನೆಗೆ ರಾಶಿ ಹಾಲು ಬೇಕು, ಅಷ್ಟು ಹಾಲು ಸಿಗುತ್ತಿರಲಿಲ್ಲ. ಕೆನೆ ತೆಗೆದ ಮೇಲೆ ಉಳಿಯುವ ತೆಳು ಹಾಲನ್ನು ಏನು ಮಾಡುವುದೆಂಬ ಪ್ರಶ್ನೆ ಬೇರೆ. 1917ರಲ್ಲಿ ‘ಲಾಕ್ಟೊ’ ಎಂಬ ಕಂಪನಿ ಕಟ್ಟಿ, ಒಳ್ಳೆಯ ಬ್ಯಾಕ್ಟೀರಿಯಾ ಸೇರಿಸಿದ ಕ್ಯಾರಮೆಲ್ ಮಿಠಾಯಿ ತಂದರು. ಬೇಸಿಗೆ ಬಂತು, ಮಿಠಾಯಿ ಕರಗಿತು.

ಉಳಿದ ತೆಳು ಹಾಲಿಗೇ ಹೆಪ್ಪು ಹಾಕಿ ನೋಡುತ್ತಿದ್ದಾಗ ಒಮ್ಮೆ ಸಕ್ಕರೆ ಬೆರೆಸಿ ಒಂದೆರಡು ದಿನ ಹಾಗೇ ಬಿಟ್ಟರು. ರುಚಿ ನೋಡಿದರೆ ಅದು ಬೇರೆಯೇ ಆಗಿತ್ತು. ಮೊದಲ ಸುತ್ತಿನಲ್ಲಿ ಬ್ಯಾಕ್ಟೀರಿಯಾ ಹುಳಿ ತಂದಿದ್ದರೆ, ಸಕ್ಕರೆ ಸೇರಿದ ಮೇಲಿನ ಎರಡನೇ ಸುತ್ತಿನಲ್ಲಿ ಯೀಸ್ಟ್ ಸೇರಿ ಸುವಾಸನೆ ತಂದಿತ್ತು. ಈಗಲೂ ಕ್ಯಾಲ್ಪಿಸ್ ತಯಾರಾಗುವುದು ಇದೇ ಎರಡು ಸುತ್ತಿನ ಹುದುಗುವಿಕೆಯಿಂದ. ಆ ಕಾಲದ ಹೆಪ್ಪಿನ ಸಂತತಿಯನ್ನೇ ಇಂದಿಗೂ ಕಾಪಾಡಿಕೊಂಡು ಬಂದಿದ್ದೇವೆ ಎಂದು ಕಂಪನಿ ಹೇಳಿಕೊಳ್ಳುತ್ತದೆ. ಊರು ಬಿಡುವಾಗ ಡಬ್ಬಿಯಲ್ಲಿ ಮನೆಯ ಹೆಪ್ಪು ಕಟ್ಟಿಕೊಂಡು ಹೋದ ಎಷ್ಟೋ ಮನೆಯವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಹೆಸರಿಡುವ ಸಮಯಕ್ಕೆ ಮಿಶಿಮಾ ಇಬ್ಬರು ತಜ್ಞರ ಬಳಿ ಹೋದರು. ಒಬ್ಬರು ಸಂಸ್ಕೃತ ವಿದ್ವಾಂಸ, ಬೌದ್ಧ ಭಿಕ್ಷು ಕೈಗ್ಯೊಕು ವತನಾಬೆ. ಇನ್ನೊಬ್ಬರು ಹೆಸರಾಂತ ಸಂಗೀತ ಸಂಯೋಜಕ ಕೊಸಾಕು ಯಮಾದಾ. ಜಪಾನಿಗರ ಆಹಾರದಲ್ಲಿ ಕ್ಯಾಲ್ಸಿಯಂ ಕಡಿಮೆ ಎಂಬ ಮಾತು ಆಗ ಚಾಲ್ತಿಯಲ್ಲಿದ್ದುದರಿಂದ ಪಾನೀಯಕ್ಕೆ ಅದನ್ನೂ ಸೇರಿಸಲಾಗಿತ್ತು. ಕ್ಯಾಲ್ಸಿಯಂನ ‘ಕ್ಯಾಲ್’, ಅದಕ್ಕೆ ಸಂಸ್ಕೃತದ ಬಾಲ. ಸರ್ಪಿರ್ಮಂಡವನ್ನು ಹಿಡಿದರೆ ‘ಕ್ಯಾಲ್ಪಿಲ್’ ಎಂದಾಗಬೇಕಿತ್ತು, ಅದು ನಾಲಿಗೆಯ ಮೇಲೆ ಕುಣಿಯುವುದಿಲ್ಲ. ಒಂದು ಹಂತ ಕೆಳಗಿಳಿದು ಸರ್ಪಿಸ್ ಎತ್ತಿಕೊಂಡರೆ ಕ್ಯಾಲ್ಪಿಸ್. ಸಂಗೀತಗಾರರ ಕಿವಿಯೂ ಇದಕ್ಕೇ ಒಪ್ಪಿತು. ಹೀಗೆ, ಕೊಬ್ಬನ್ನೆಲ್ಲ ತೆಗೆದುಹಾಕಿದ ಹಾಲಿನ ಪಾನೀಯಕ್ಕೆ ತುಪ್ಪದ ಹೆಸರು ಬಂತು!

ಕ್ಷೀರಪಥದ ಚುಕ್ಕಿಗಳು

ಕ್ಯಾಲ್ಪಿಸ್ ಮಾರುಕಟ್ಟೆಗೆ ಬಂದದ್ದು 1919ರ ಜುಲೈ 7ರಂದು. ಅಂದು ತಾನಾಬಾತಾ ಹಬ್ಬ. ಕ್ಷೀರಪಥದ ಆಚೀಚೆ ಇರುವ ಎರಡು ನಕ್ಷತ್ರಗಳು, ಅಂದರೆ ಅಗಲಿದ ಪ್ರೇಮಿಗಳು, ವರ್ಷಕ್ಕೊಮ್ಮೆ ಸೇರುವ ದಿನ. ಇದೇ ಮುಂದೆ ಬಾಟಲಿಯ ವೇಷವೂ ಆಯಿತು. 1922ರಿಂದ ಬಳಸಿದ ಹೊದಿಕೆಯ ಕಾಗದದಲ್ಲಿ ನೀಲಿ ಆಕಾಶದ ಮೇಲೆ ಬಿಳಿ ಚುಕ್ಕಿಗಳಿದ್ದವು. ಬಣ್ಣ ಅದಲುಬದಲಾಗಿ ಬಿಳಿಯ ಮೇಲೆ ನೀಲಿ ಚುಕ್ಕಿ ಬಂದದ್ದು ಎರಡನೇ ಮಹಾಯುದ್ಧದ ನಂತರ.

ಮಿಶಿಮಾ ಅವರ ವಿದ್ಯಾಲಯದ ಕಿರಿಯ ಗೆಳೆಯರೊಬ್ಬರು ಈ ಪಾನೀಯವನ್ನು ಮೊದಲ ಪ್ರೇಮದ ರುಚಿಗೆ ಹೋಲಿಸುವ ಜಾಹೀರಾತು ಸೂಚಿಸಿದರು. ಮಿಶಿಮಾ ಹಿಂಜರಿದರು. ಮಕ್ಕಳೂ ಕುಡಿಯುವ ಪಾನೀಯ, ಪ್ರೇಮ ಎಂಬ ಪದವನ್ನು ಸಾರ್ವಜನಿಕವಾಗಿ ಆಡುವುದೇ ಮುಜುಗರವಾಗಿದ್ದ ಕಾಲ. ಕೊನೆಗೆ ಒಪ್ಪಿದರು. ಜಪಾನಿನ ಜಾಹೀರಾತು ಇತಿಹಾಸದಲ್ಲಿ ಇಷ್ಟು ದೀರ್ಘಕಾಲ ಬಾಳಿದ ಘೋಷವಾಕ್ಯಗಳು ಕಡಿಮೆ.

1923ರ ಸೆಪ್ಟೆಂಬರ್ 1ರ ಮಧ್ಯಾಹ್ನ ಟೋಕಿಯೊ-ಯೊಕೊಹಾಮಾ ಪ್ರದೇಶವನ್ನು ಭೂಕಂಪ ನೆಲಸಮ ಮಾಡಿತು. ಅಡುಗೆಯ ಹೊತ್ತಾಗಿದ್ದರಿಂದ ಬೆಂಕಿ ಊರಿಂದೂರಿಗೆ ಹಬ್ಬಿ, ಸತ್ತವರ ಸಂಖ್ಯೆ ಲಕ್ಷ ದಾಟಿತು. ನೀರಿನ ಕೊಳವೆಗಳು ಒಡೆದು, ಬದುಕುಳಿದವರು ಬಾಯಾರಿ ಅಲೆಯುತ್ತಿದ್ದರು. ಮಿಶಿಮಾ ಅವರ ಕಾರ್ಖಾನೆ ಉಳಿದಿತ್ತು. ಅವರು ತಿಜೋರಿಯಲ್ಲಿದ್ದ ಸುಮಾರು 2,000 ಯೆನ್ ತೆಗೆದು ಲಾರಿಗಳನ್ನು ಬಾಡಿಗೆಗೆ ಹಿಡಿದರು. ಪೀಪಾಯಿಗಳಲ್ಲಿದ್ದ ಗಟ್ಟಿ ಕ್ಯಾಲ್ಪಿಸ್‌ಗೆ ನೀರು ಬೆರೆಸಿ, ಐಸ್ ತುಂಬಿ, ಮರುದಿನದಿಂದಲೇ ಸಂತ್ರಸ್ತರಿಗೆ ಹಂಚಿಸಿದರು. ಮುಂದೆ ಇದು ಕಂಪನಿಗೆ ದೊಡ್ಡ ಹೆಸರು ತಂದಿತು, ನಿಜ. ಆದರೆ ಊರೇ ಸುಟ್ಟುಹೋಗಿ, ನಾಳೆ ಅಂಗಡಿ ತೆರೆಯುವವರು ಯಾರೆಂದು ಗೊತ್ತಿಲ್ಲದ ದಿನ ತಿಜೋರಿ ಖಾಲಿ ಮಾಡುವುದನ್ನು ಪ್ರಚಾರದ ತಂತ್ರ ಎಂದು ಕರೆಯುವುದು ಕಷ್ಟ.

ಅವರ ಇನ್ನೊಂದು ಒಳ್ಳೆಯ ಕೆಲಸದ ಫಲ ಅಷ್ಟು ನೇರವಾಗಿರಲಿಲ್ಲ. ಮೊದಲ ಮಹಾಯುದ್ಧದ ನಂತರ ಯುರೋಪಿನ, ವಿಶೇಷವಾಗಿ ಜರ್ಮನಿಯ, ಕಲಾವಿದರು ಕಷ್ಟದಲ್ಲಿದ್ದರು. ಅವರಿಗೆ ನೆರವಾಗಲೆಂದು ಮಿಶಿಮಾ ಬಹುಮಾನವಿಟ್ಟು ಅಂತರರಾಷ್ಟ್ರೀಯ ಪೋಸ್ಟರ್ ಸ್ಪರ್ಧೆ ನಡೆಸಿದರು. ಅದರಲ್ಲಿ ಬಂದ ಜರ್ಮನ್ ಕಲಾವಿದರೊಬ್ಬರ ಚಿತ್ರ, ಹ್ಯಾಟ್ ಧರಿಸಿ ಕೊಳವೆಯಲ್ಲಿ ಪಾನೀಯ ಹೀರುವ ಕಪ್ಪು ವರ್ಣದ ವ್ಯಕ್ತಿ, ಕ್ಯಾಲ್ಪಿಸ್‌ನ ಗುರುತಾಯಿತು. ದಶಕಗಳ ಕಾಲ ಯಾರೂ ಅದನ್ನು ಪ್ರಶ್ನಿಸಲಿಲ್ಲ. ಕೊನೆಗೆ ಜನಾಂಗೀಯ ಅವಹೇಳನ ಎಂಬ ಟೀಕೆ ಬಂದು 1989ರಲ್ಲಿ ಕಂಪನಿ ಅದನ್ನು ಕೈಬಿಟ್ಟಿತು. ಕಲಾವಿದರ ಹಸಿವು ಕಂಡ ಮಿಶಿಮಾ ಅವರ ಕಣ್ಣಿಗೆ ಚಿತ್ರದೊಳಗಿನ ಅಪಹಾಸ್ಯ ಕಾಣಲಿಲ್ಲ.

ಎರಡನೇ ಮಹಾಯುದ್ಧದಲ್ಲಿ ಹಾಲು, ಸಕ್ಕರೆ ಎರಡಕ್ಕೂ ಬರ ಬಂತು. ವೈಮಾನಿಕ ದಾಳಿಯಲ್ಲಿ ಕಾರ್ಖಾನೆ ಸುಟ್ಟಿತು. ಎಪ್ಪತ್ತರ ಹತ್ತಿರದ ಮಿಶಿಮಾ ಮತ್ತೆ ಮೊದಲಿನಿಂದ ಶುರು ಮಾಡಿದರು. 1949ರಲ್ಲಿ ಕಂಪನಿಯ ಷೇರು ಟೋಕಿಯೊ ಮಾರುಕಟ್ಟೆಗೆ ಬಂತು. 1962ರಲ್ಲಿ ಅವರು ತಮ್ಮ ಆಸ್ತಿಯನ್ನು ಕೊಟ್ಟು, ಆಹಾರ ವಿಜ್ಞಾನ ಮತ್ತು ಮಾನವಿಕ ವಿಷಯಗಳ ಸಂಶೋಧನೆಗೆ ನೆರವಾಗುವ ಪ್ರತಿಷ್ಠಾನ ಸ್ಥಾಪಿಸಿದರು. ಅದು ಈಗಲೂ ಅವರ ಹೆಸರಿನಲ್ಲೇ ನಡೆಯುತ್ತಿದೆ. ಬಾಲ್ಯದಲ್ಲಿ ದುರ್ಬಲ ದೇಹದವರಾಗಿದ್ದ ಮಿಶಿಮಾ ಬದುಕಿದ್ದು 96 ವರ್ಷ. 1974ರ ಡಿಸೆಂಬರ್ 28ರಂದು ತೀರಿಕೊಂಡರು. ಅವರ ಪಾನೀಯಕ್ಕೆ ಇದಕ್ಕಿಂತ ದೊಡ್ಡ ಜಾಹೀರಾತು ಬೇಕಿರಲಿಲ್ಲ.

ಮನೆಯ ಬಾಟಲಿಯಿಂದ ಕೈಯ ಬಾಟಲಿಗೆ

ಮಿಶಿಮಾ ಮಾರಿದ್ದು ಗಟ್ಟಿ ಪಾನೀಯವನ್ನು. ನಮ್ಮ ಪುನರ್ಪುಳಿ ಶರಬತ್ತಿನ ಹಾಗೆ, ಮನೆಯಲ್ಲಿ ಒಂದು ಬಾಟಲಿ ಇಟ್ಟುಕೊಂಡು ಬೇಕಾದಾಗ ನೀರು ಬೆರೆಸಿಕೊಳ್ಳಬೇಕು. ಬೇಸಿಗೆಯಲ್ಲಿ ಬಂಧುಗಳಿಗೆ, ಹಿರಿಯರಿಗೆ ಉಡುಗೊರೆ ಕಳಿಸುವ ಜಪಾನಿ ಪದ್ಧತಿಗೆ ಅದು ಹೇಳಿ ಮಾಡಿಸಿದಂತಿತ್ತು. ತಾಯಿ ಬೆರೆಸಿಕೊಟ್ಟ ಲೋಟ, ಅದರಲ್ಲಿ ಐಸ್ ತುಂಡುಗಳ ಸದ್ದು, ಇದು ಒಂದು ತಲೆಮಾರಿನ ಬೇಸಿಗೆ ರಜೆಯ ನೆನಪು.

ಆದರೆ ಅವರು ಬದುಕಿದ್ದಾಗಲೇ ಮಾರುಕಟ್ಟೆ ಕಾಲ ಕೆಳಗಿನಿಂದ ಜಾರತೊಡಗಿತ್ತು. 1957ರಲ್ಲಿ ಕೋಕಾ-ಕೋಲಾದ ಜಪಾನ್ ವಹಿವಾಟು ಶುರುವಾಯಿತು. ಇನ್ನೊಂದು ಕಡೆ ವಿಜ್ಞಾನಿ ಮಿನೊರು ಶಿರೋಟಾ 1935ರಲ್ಲಿ ಹೊರತಂದ, ಈಗ ಭಾರತದ ನಗರಗಳಲ್ಲೂ ಸಿಗುವ ಯಾಕುಲ್ಟ್, ಪುಟ್ಟ ಬಾಟಲಿಯಲ್ಲಿ ಮನೆಮನೆಯ ಬಾಗಿಲಿಗೇ ಬರುತ್ತಿತ್ತು. 1969ರಲ್ಲಿ ಡಬ್ಬಿ ಕಾಫಿ, 1980ರಲ್ಲಿ ಪೊಕಾರಿ ಸ್ವೆಟ್, ಮರುವರ್ಷ ಡಬ್ಬಿಯಲ್ಲಿ ಊಲಾಂಗ್ ಚಹಾ. ಬೀದಿ ಬೀದಿಗೆ ವೆಂಡಿಂಗ್ ಮಷಿನ್. ನಾಣ್ಯ ಹಾಕಿದರೆ ತಣ್ಣನೆಯ ಡಬ್ಬಿ ಕೈಗೆ ಬೀಳುವಾಗ, ಮನೆಗೆ ಹೋಗಿ ಬೆರೆಸಿಕೊಳ್ಳುವ ತಾಳ್ಮೆ ಯಾರಿಗಿದೆ? ಕುಟುಂಬಗಳೂ ಚಿಕ್ಕದಾದವು.

ಕ್ಯಾಲ್ಪಿಸ್ ಅನ್ನೂ ನೀರು ಬೆರೆಸಿಯೇ ಮಾರಬಾರದೇಕೆ ಎಂಬ ಪ್ರಶ್ನೆಗೆ ಅಡ್ಡವಾಗಿದ್ದದ್ದು ಹಾಲಿನ ಪ್ರೋಟೀನ್. ತೆಳುವಾಗಿಸಿ ಇಟ್ಟರೆ ಅದು ತಳಕ್ಕೆ ಇಳಿಯುತ್ತದೆ. ಮಜ್ಜಿಗೆ ಲೋಟವನ್ನು ಸ್ವಲ್ಪ ಹೊತ್ತು ಬಿಟ್ಟರೆ ಆಗುವುದೂ ಇದೇ. ಈ ತೊಡಕು ಬಗೆಹರಿದು ‘ಕ್ಯಾಲ್ಪಿಸ್ ವಾಟರ್’ ಬಂದದ್ದು 1991ರಲ್ಲಿ, ಮಿಶಿಮಾ ತೀರಿಕೊಂಡು 16 ವರ್ಷಗಳ ಮೇಲೆ. ಅದು ಭರ್ಜರಿ ಯಶಸ್ಸು ಕಂಡಿತು, ಹಳೆಯ ಕಂಪನಿಗೆ ಹೊಸ ಜೀವ ಬಂತು. ಅಮೆರಿಕದಲ್ಲಿ ಮಾತ್ರ ಇದರ ಹೆಸರು ಕ್ಯಾಲ್ಪಿಕೊ. ಮೂಲ ಹೆಸರು ಇಂಗ್ಲಿಷ್ ಕಿವಿಗೆ ಹಸುವಿನ ಮೂತ್ರ ಎಂದಂತೆ ಕೇಳುತ್ತದೆ. ಸಂಸ್ಕೃತ ಪಂಡಿತರನ್ನೂ ಸಂಗೀತಗಾರರನ್ನೂ ಕೇಳಿ ಇಟ್ಟ ಹೆಸರಿಗೆ ಹೀಗೊಂದು ಗತಿ!

ಆದರೆ ಒಂದೇ ಪಾನೀಯ ನಂಬಿದ ಮಧ್ಯಮ ಗಾತ್ರದ ಕಂಪನಿಗಳಿಗೆ ಜಪಾನಿನ ಮಾರುಕಟ್ಟೆಯಲ್ಲಿ ಸ್ವತಂತ್ರವಾಗಿ ನಿಲ್ಲುವುದು ಕಷ್ಟವಾಗುತ್ತ ಬಂತು. ಜನಸಂಖ್ಯೆ ಇಳಿಯುತ್ತಿರುವ ದೇಶದಲ್ಲಿ ದೊಡ್ಡ ಕಂಪನಿಗಳು ಬೆಳೆಯಲು ಇದ್ದ ದಾರಿಗಳಲ್ಲೊಂದು ಜನಪ್ರಿಯ ಬ್ರ್ಯಾಂಡ್‌ಗಳನ್ನು ಕೊಳ್ಳುವುದು. ಕ್ಯಾಲ್ಪಿಸ್ 2007ರಲ್ಲಿ ಪೂರ್ತಿಯಾಗಿ ಅಜಿನೊಮೊಟೊ ಕೈಗೆ ಹೋಯಿತು. 2012ರಲ್ಲಿ ಬಿಯರ್ ದೈತ್ಯ ಅಸಾಹಿ ಸುಮಾರು 120 ಶತಕೋಟಿ ಯೆನ್‌ಗೆ ಅದನ್ನು ಕೊಂಡಿತು. ಚುಕ್ಕಿಗಳು ಮಾತ್ರ ಹಾಗೇ ಉಳಿದವು.

ಪಾನೀಯಕ್ಕೆ ಬೇಡವಾದ ಕೆನೆಯೂ ವ್ಯರ್ಥವಾಗುತ್ತಿಲ್ಲ. ಅದರಿಂದ ಬೆಣ್ಣೆ ತೆಗೆಯುತ್ತಾರೆ. ಮೂವತ್ತು ಬಾಟಲಿ ಕ್ಯಾಲ್ಪಿಸ್ ತಯಾರಾದರೆ ಸಿಗುವ ಬೆಣ್ಣೆ ಅರ್ಧ ಕಿಲೋಗೂ ಕಡಿಮೆ. ಬಿಳುಪಾದ, ಘಾಟಿಲ್ಲದ ಈ ದುಬಾರಿ ಬೆಣ್ಣೆಗೆ ಜಪಾನಿನ ಬಾಣಸಿಗರು, ಬೇಕರಿಯವರು ಮುಗಿಬೀಳುತ್ತಾರೆ. ಅದನ್ನು ಮಾರುವುದೂ ಕ್ಯಾಲ್ಪಿಸ್ ಹೆಸರಿನಲ್ಲೇ.