ಮುದ್ದೇನಹಳ್ಳಿಯಿಂದ ಪುಣೆಗೆ: ಸರ್ ಎಂ. ವಿಶ್ವೇಶ್ವರಯ್ಯ



ಹೂಡೆಯಿಂದ ಮಣಿಪಾಲ ದೂರವೇನಲ್ಲ. ಬೆಳಿಗ್ಗೆ ಬಸ್ಸು ಹತ್ತಿದರೆ ಸಂಜೆಗೆ ಮನೆ ಸೇರಬಹುದು. ಆದರೆ ಮನೆಯಲ್ಲಿ ಯಾರೂ ಕಾಲೇಜಿನ ಮೆಟ್ಟಿಲು ಹತ್ತದಿದ್ದರೆ ದೊಡ್ಡ ವಿಶ್ವವಿದ್ಯಾನಿಲಯದ ಗೇಟು ಬಹಳ ದೂರ. ಹಣವಿಲ್ಲದೆ ಆ ಗೇಟು ದಾಟಿದ ಒಬ್ಬರ ಬದುಕನ್ನು ಇಲ್ಲಿ ನೋಡೋಣ.

ಚಿಕ್ಕಬಳ್ಳಾಪುರ ಸಮೀಪದ ಮುದ್ದೇನಹಳ್ಳಿಯಲ್ಲಿ ಹುಟ್ಟಿದ ವಿಶ್ವೇಶ್ವರಯ್ಯನವರು ಎಳವೆಯಲ್ಲೇ ತಂದೆಯನ್ನು ಕಳೆದುಕೊಂಡರು. ಬೆಂಗಳೂರಿನಲ್ಲಿ ಸೋದರಮಾವ ಆಸರೆಯಾದರು. ಸೆಂಟ್ರಲ್ ಕಾಲೇಜಿನಲ್ಲಿ ಓದುವಾಗ ಅವರು ಖರ್ಚಿಗಾಗಿ ಮನೆಪಾಠ ಹೇಳಿಕೊಟ್ಟರು. 1881ರಲ್ಲಿ ಬಿ.ಎ. ಪಾಸಾದರು. ಮುಂದೆ ಇಂಜಿನಿಯರಿಂಗ್ ಓದಲು ಪುಣೆಗೆ ಹೋಗಬೇಕಿತ್ತು, ಕೈಯಲ್ಲಿ ಹಣವಿರಲಿಲ್ಲ. ಮೈಸೂರು ಸರಕಾರದ ವಿದ್ಯಾರ್ಥಿವೇತನ ದೊರೆಯಿತು. 1883ರ ಪರೀಕ್ಷೆಯಲ್ಲಿ ಅವರೇ ಮೊದಲಿಗರು.

ಈ ಋಣವನ್ನು ಅವರು ಮರೆಯಲಿಲ್ಲ. 1912ರಲ್ಲಿ ಮೈಸೂರಿನ ದಿವಾನರಾದರು. ಅವರ ಅವಧಿಯಲ್ಲೇ 1916ರಲ್ಲಿ ಮೈಸೂರು ವಿಶ್ವವಿದ್ಯಾನಿಲಯವೂ 1917ರಲ್ಲಿ ಬೆಂಗಳೂರಿನ ಇಂಜಿನಿಯರಿಂಗ್ ಕಾಲೇಜೂ ಆರಂಭವಾದವು. ಮುಂದಿನ ಹುಡುಗರು ಪುಣೆಗೆ ಹೋಗಬೇಕಾದ ಅನಿವಾರ್ಯತೆ ತಪ್ಪಿತು.

ಆದರೆ ಇನ್ನೊಂದು ಸಂಗತಿಯನ್ನೂ ನೀವು ತಿಳಿದಿರಬೇಕು. 1918ರಲ್ಲಿ ಮಹಾರಾಜ ನಾಲ್ವಡಿ ಕೃಷ್ಣರಾಜ ಒಡೆಯರು, ಸರಕಾರಿ ನೌಕರಿಯಲ್ಲಿ ಹಿಂದುಳಿದ ಸಮುದಾಯಗಳಿಗೆ ಪಾಲು ಸಿಗುವ ಬಗ್ಗೆ ಪರಿಶೀಲಿಸಲು ಮಿಲ್ಲರ್ ಸಮಿತಿಯನ್ನು ನೇಮಿಸಿದರು. ಆ ಸಮುದಾಯಗಳಲ್ಲಿ ಮುಸ್ಲಿಮರೂ ಇದ್ದರು. ಅರ್ಹತೆಯೊಂದೇ ಮಾನದಂಡವಾಗಬೇಕೆಂಬ ನಿಲುವಿನ ವಿಶ್ವೇಶ್ವರಯ್ಯನವರು ಇದನ್ನು ಒಪ್ಪದೆ ದಿವಾನಗಿರಿ ಬಿಟ್ಟರು.

ಅವರ ಪ್ರಾಮಾಣಿಕತೆಯನ್ನು ಯಾರೂ ಸಂಶಯಿಸಲಾರರು. ಆದರೂ ಯೋಚಿಸಿ: ಅವರ ಮನೆಯಲ್ಲಿ ಹಣವಿರಲಿಲ್ಲ, ಅಕ್ಷರವಿತ್ತು. ತಂದೆ ಸಂಸ್ಕೃತ ವಿದ್ವಾಂಸರು. ಹಣವೂ ಇಲ್ಲದ, ಅಕ್ಷರವೂ ಇಲ್ಲದ ಮನೆಯ ಮಗುವಿಗೆ ವಿದ್ಯಾರ್ಥಿವೇತನವೊಂದೇ ಸಾಲದು. ಯಾವ ಕೋರ್ಸು, ಯಾವ ಅರ್ಜಿ, ಕೊನೆಯ ದಿನಾಂಕ ಯಾವುದು ಎಂದು ಹೇಳುವವರು ಬೇಕು. ಇಂಗ್ಲಿಷ್ ಪಾಠ ಅರ್ಥವಾಗದೆ ಮೊದಲ ವರ್ಷವೇ ಊರಿಗೆ ಮರಳಲು ಹೊರಟಾಗ ಧೈರ್ಯ ತುಂಬುವವರು ಬೇಕು.

ಸಂಘದ ಸದಸ್ಯರೇ, ಹಣದ ಜೊತೆಗೆ ನಿಮ್ಮ ಒಂದಿಷ್ಟು ಸಮಯವನ್ನೂ ಕೊಡಿ. ವಿದ್ಯಾರ್ಥಿಗಳೇ, ತಿಳಿಯದ್ದನ್ನು ಕೇಳಲು ನಾಚಬೇಡಿ. 1955ರಲ್ಲಿ ಭಾರತರತ್ನ ಪಡೆದು 1962ರಲ್ಲಿ ನಿಧನರಾದ ಆ ಮಹನೀಯರೂ ಒಂದು ಕಾಲದಲ್ಲಿ ಇತರರ ನೆರವಿನಿಂದ ಓದಿದ ಬಡ ಹುಡುಗನೇ. ನೀವು ಆ ಗೇಟು ದಾಟಿದ ಮೇಲೆ ನಿಮ್ಮ ಹಿಂದೆ ಬರುವ ತಮ್ಮ ತಂಗಿಯರಿಗೆ ದಾರಿ ತೋರಿಸಿ.