ಕಲಿಸಲು ಬಂದು ಕಲಿತ ಗುರು: ಪಾದ್ರಿ ಜಿ. ಯು. ಪೋಪ್



ಕಮಲಾಪುರದಿಂದ ಬೆಳಗಿನ ಬಸ್ಸು ಹತ್ತಿ ಕಲಬುರಗಿಯ ಕಾಲೇಜಿಗೆ ಬರುವ ನಿಮ್ಮಲ್ಲಿ ಅನೇಕರು ಮನೆಯಲ್ಲಿ ದಖನಿ, ಬಸ್ಸಿನಲ್ಲಿ ಕನ್ನಡ ಮಾತಾಡಿ, ತರಗತಿಯಲ್ಲಿ ಇಂಗ್ಲಿಷ್ ಪಾಠ ಕೇಳುತ್ತೀರಿ. ಇಷ್ಟೊಂದು ಭಾಷೆಗಳು ತಲೆಗೆ ಹೊರೆ ಎಂದು ನಿಮಗೆ ಅನಿಸಿರಬಹುದು. ಹಾಗೆ ಅನಿಸಿದಾಗ ಒಬ್ಬ ಗುರುವಿನ ಬದುಕನ್ನು ನೆನಪಿಸಿಕೊಳ್ಳಿ. ಅವರೇ ಜಾರ್ಜ್ ಉಗ್ಲೋ ಪೋಪ್.

ಪೋಪ್ ಅವರು 1820ರ ಏಪ್ರಿಲ್ 24ರಂದು ಇಂದಿನ ಕೆನಡಾಕ್ಕೆ ಸೇರಿದ ಪ್ರಿನ್ಸ್ ಎಡ್ವರ್ಡ್ ದ್ವೀಪದಲ್ಲಿ ಹುಟ್ಟಿದರು. ಬಾಲ್ಯದಲ್ಲಿಯೇ ಕುಟುಂಬದೊಂದಿಗೆ ಇಂಗ್ಲೆಂಡಿಗೆ ಬಂದರು. 1839ರಲ್ಲಿ, ಹತ್ತೊಂಬತ್ತನೆಯ ವಯಸ್ಸಿನಲ್ಲಿ, ಧರ್ಮಪ್ರಚಾರಕರಾಗಿ ಮದ್ರಾಸಿಗೆ ಬಂದಿಳಿದರು. ಮೊದಲು ವೆಸ್ಲಿಯನ್ ಮಿಷನ್ನಿನಲ್ಲಿದ್ದು, 1843ರಲ್ಲಿ ಆಂಗ್ಲಿಕನ್ ಸಭೆಯ ಪಾದ್ರಿಯಾದರು. ತಿರುನೆಲ್ವೇಲಿ ಸೀಮೆಯ ಸಾಯರ್‌ಪುರಂ, ತಂಜಾವೂರು, ಊಟಿ ಹೀಗೆ ಹೋದಲ್ಲೆಲ್ಲ ಅವರು ಪಾಠಶಾಲೆ ನಡೆಸಿದರು. ಮಕ್ಕಳಿಗೆ ಕಲಿಸುತ್ತಲೇ ತಾವು ತಮಿಳು ಕಲಿತರು. ಬರೀ ಆಡುಮಾತಿಗೆ ತೃಪ್ತರಾಗದೆ ಹಳೆಯ ಕಾವ್ಯಗಳನ್ನೂ ಓದಿದರು. ಹೊಸದಾಗಿ ತಮಿಳು ಕಲಿಯುವವರಿಗೆಂದು ಪಾಠಪುಸ್ತಕವನ್ನೂ ಬರೆದರು.

1871ರಲ್ಲಿ ಅವರು ನಮ್ಮ ಬೆಂಗಳೂರಿಗೆ ಬಂದು ಬಿಷಪ್ ಕಾಟನ್ ಶಾಲೆಯ ವಾರ್ಡನ್ ಆದರು. 1865ರಲ್ಲಿ ಶುರುವಾಗಿದ್ದ ಆ ಶಾಲೆ ಅವರ ಕಾಲದಲ್ಲಿ ಬೆಳೆಯಿತು. ಹೊಸ ಕಟ್ಟಡಗಳು ಎದ್ದವು. ಕಾಲೇಜು ತರಗತಿಗಳು ಮದ್ರಾಸ್ ವಿಶ್ವವಿದ್ಯಾಲಯಕ್ಕೆ ಸಂಯೋಜನೆಗೊಂಡವು. ಸುಮಾರು ಹತ್ತು ವರ್ಷ ದುಡಿದು ಅವರು ಇಂಗ್ಲೆಂಡಿಗೆ ಮರಳಿದರು.

ಪೋಪ್ ದೋಷವಿಲ್ಲದ ಮನುಷ್ಯರಾಗಿರಲಿಲ್ಲ. ಶಿಸ್ತಿನಲ್ಲಿ ಅವರು ಬಹಳ ಕಠಿಣ. ಈ ಸ್ವಭಾವದಿಂದ ವೈಮನಸ್ಯಗಳೂ ಹುಟ್ಟಿದವು. ತಿರುವಳ್ಳುವರ್ ಅವರ ವಿಚಾರಗಳ ಮೇಲೆ ಕ್ರೈಸ್ತ ಬೋಧನೆಯ ಪ್ರಭಾವ ಇದ್ದಿರಬೇಕೆಂದು ಊಹಿಸಿ ಬರೆದರು. ಅದನ್ನು ವಿದ್ವಾಂಸರು ಒಪ್ಪಲಿಲ್ಲ. ಪರರ ಗ್ರಂಥದಲ್ಲಿ ತಮ್ಮದನ್ನೇ ಹುಡುಕುವ ಈ ತಪ್ಪು ಎಲ್ಲ ಧರ್ಮದವರಿಗೂ ಎಚ್ಚರಿಕೆಯ ಪಾಠ.

ಆದರೆ ಅವರು ಅಲ್ಲಿಗೇ ನಿಲ್ಲಲಿಲ್ಲ ಎಂಬುದನ್ನು ಗಮನಿಸಿ. ನಿವೃತ್ತಿಯ ವಯಸ್ಸಿನಲ್ಲಿ, 1884ರಲ್ಲಿ, ಆಕ್ಸ್‌ಫರ್ಡ್ ವಿಶ್ವವಿದ್ಯಾಲಯದಲ್ಲಿ ತಮಿಳು ಮತ್ತು ತೆಲುಗು ಅಧ್ಯಾಪಕರಾದರು. ಮುಂದೆ ಅಲ್ಲಿನ ಬಾಲಿಯೋಲ್ ಕಾಲೇಜಿನ ಚಾಪ್ಲಿನ್ ಕೂಡ ಆದರು. 1886ರಲ್ಲಿ 1330 ಕುರಳ್‌ಗಳ ಇಂಗ್ಲಿಷ್ ಅನುವಾದ ಹೊರಬಂತು. 1893ರಲ್ಲಿ ಜೈನರ ನಾಲಡಿಯಾರ್ ಬಂತು. ಉಳಿದದ್ದು ಮಾಣಿಕ್ಕವಾಚಕರ ತಿರುವಾಚಕಂ ಎಂಬ ಶೈವ ಭಕ್ತಿಕಾವ್ಯ. ಇಷ್ಟು ದೊಡ್ಡ ಕೆಲಸ ಮುಗಿಯುವವರೆಗೆ ತಾವು ಬದುಕಿರುತ್ತೇವೋ ಇಲ್ಲವೋ ಎಂಬ ಅಳುಕು ಪೋಪರಿಗಿತ್ತು. ಬಾಲಿಯೋಲ್ ಕಾಲೇಜಿನ ಮುಖ್ಯಸ್ಥರಾಗಿದ್ದ ಬೆಂಜಮಿನ್ ಜೋವೆಟ್ ಅವರೂ ಆಂಗ್ಲಿಕನ್ ಪಾದ್ರಿಯೇ. ಒಂದು ರಾತ್ರಿ ಕಾಲೇಜಿನ ಅಂಗಳದಲ್ಲಿ ಮಾತಾಡುತ್ತಾ ಅವರು, ಕೈಯಲ್ಲಿ ದೊಡ್ಡ ಕೆಲಸ ಇರುವುದೇ ದೀರ್ಘಾಯುಷ್ಯಕ್ಕೆ ದಾರಿ ಎಂದು ಧೈರ್ಯ ತುಂಬಿದರು. ಜೋವೆಟ್ 1893ರಲ್ಲಿ ತೀರಿಕೊಂಡರು. ಪೋಪ್ ಕೆಲಸ ಬಿಡಲಿಲ್ಲ. 1900ರಲ್ಲಿ, ಅವರಿಗೆ ಎಂಬತ್ತು ತುಂಬಿದ ವರ್ಷ, ಆ ಗ್ರಂಥ ಪ್ರಕಟವಾಯಿತು.

1908ರ ಫೆಬ್ರವರಿಯಲ್ಲಿ ಅವರು ನಿಧನರಾದರು. ಆಕ್ಸ್‌ಫರ್ಡಿನಲ್ಲಿರುವ ಅವರ ಸಮಾಧಿಗೆ ಕುಟುಂಬದವರ ಜೊತೆ ದಕ್ಷಿಣ ಭಾರತದ ತಮಿಳು ಸ್ನೇಹಿತರೂ ಸೇರಿ ಕಲ್ಲು ಹಾಕಿಸಿದರು. 1968ರಲ್ಲಿ ಮದ್ರಾಸಿನ ಮರೀನಾ ಕಡಲತೀರದಲ್ಲಿ ಅವರ ಪ್ರತಿಮೆ ನಿಂತಿತು.

ಈಗ ಯೋಚಿಸಿ ನೋಡಿ. ಅವರು ತಮ್ಮ ಧರ್ಮವನ್ನು ಬಿಡಲಿಲ್ಲ, ಕೊನೆಯವರೆಗೂ ಪಾದ್ರಿಯಾಗಿಯೇ ಇದ್ದರು. ಆದರೂ ಜೈನರ, ಶೈವರ ಗ್ರಂಥಗಳಿಗಾಗಿ ವರ್ಷಗಟ್ಟಲೆ ದುಡಿದರು. ನಮ್ಮ ಕಲಬುರಗಿಯಲ್ಲಿ ಖಾಜಾ ಬಂದೇನವಾಜ್ ದರ್ಗಾ ಇದೆ, ಶರಣಬಸವೇಶ್ವರ ದೇವಸ್ಥಾನವೂ ಇದೆ. ಪೋಪ್ ಅವರು ಸಮುದ್ರ ದಾಟಿ ಬಂದು ಕಲಿತದ್ದಕ್ಕೆ ಸಮನಾದ ಸಂಪತ್ತು ನಮಗೆ ಪಕ್ಕದ ಓಣಿಯಲ್ಲೇ ಸಿಗುತ್ತದೆ. ಈ ವರ್ಷ ಒಂದು ವಚನ ಸಂಪುಟವನ್ನು ಅರ್ಥ ತಿಳಿದು ಓದಿರಿ. ನಿಮ್ಮ ಗೆಳೆಯನಿಗೆ ಒಂದು ಉರ್ದು ಕವಿತೆಯ ಅರ್ಥ ಹೇಳಿಕೊಡಿರಿ. ಆಗ ಮೂರು ಭಾಷೆಗಳು ಹೊರೆ ಎನಿಸುವುದಿಲ್ಲ.